ತೈಲ ಮಾರುವ ನೈಜೀರಿಯಾ ಪೆಟ್ರೋಲ್ ಕೊಳ್ಳುತ್ತಿದ್ದುದೇಕೆ?

ದಶಕಗಳಿಂದ ಕಚ್ಚಾ ತೈಲ ರಫ್ತು ಮಾಡುವ ನೈಜೀರಿಯಾ ತನಗೆ ಬೇಕಾದ ಪೆಟ್ರೋಲನ್ನು ಹೊರಗಿನಿಂದ ತರಿಸಿಕೊಳ್ಳುತ್ತಿದ್ದುದೇಕೆ, ಭ್ರಷ್ಟಾಚಾರವೊಂದೇ ಇದಕ್ಕೆ ಕಾರಣವೇ ಎಂದು ಕೇಳಿದ್ದೀರಿ. ಭ್ರಷ್ಟಾಚಾರ ಧಾರಾಳವಾಗಿಯೇ ಇದೆ. ಆದರೆ ಅದು ಅಲ್ಲಿ ಅಷ್ಟು ಆಳಕ್ಕೆ ಬೇರೂರಲು ಕಾರಣವೇನೆಂದು ತಿಳಿಯಬೇಕಾದರೆ, ಬೊಕ್ಕಸಕ್ಕೆ ಹಣ ಯಾವ ದಾರಿಯಿಂದ ಬರುತ್ತದೆ ಎಂಬುದನ್ನು ನೋಡಬೇಕೆಂದು ನನ್ನ ಅಭಿಪ್ರಾಯ.

ನೈಜರ್ ನದಿಯ ಮುಖಜಭೂಮಿಯಲ್ಲಿರುವ ಒಲೊಯಿಬಿರಿಯಲ್ಲಿ 1956ರಲ್ಲಿ ತೈಲ ಸಿಕ್ಕಿತು. 1958ರಲ್ಲಿ ರಫ್ತು ಆರಂಭವಾಯಿತು. ಆಗ ಉತ್ತರದ ಕಾನೊ ನಗರದಲ್ಲಿ ಶೇಂಗಾ ಮೂಟೆಗಳನ್ನು ಪಿರಮಿಡ್ಡಿನ ಆಕಾರದಲ್ಲಿ ಒಟ್ಟುತ್ತಿದ್ದರು. ಪಶ್ಚಿಮಕ್ಕೆ ಕೋಕೋ, ಪೂರ್ವಕ್ಕೆ ತಾಳೆ ಎಣ್ಣೆ ಆಧಾರವಾಗಿತ್ತು. ಪ್ರಾಂತೀಯ ಸರ್ಕಾರಗಳು ಈ ಬೆಳೆಗಳ ಆದಾಯವನ್ನೇ ನಂಬಿದ್ದುದರಿಂದ (ಮಾರಾಟ ಮಂಡಳಿಗಳು ರೈತರನ್ನು ಸಾಕಷ್ಟು ಹಿಂಡಿದವು ಎಂಬುದೂ ನಿಜವೇ) ಬೆಳೆ ಕೆಟ್ಟರೆ ಸರ್ಕಾರಕ್ಕೂ ಬಿಸಿ ತಟ್ಟುತ್ತಿತ್ತು. 1973-74ರಲ್ಲಿ ತೈಲದ ಬೆಲೆ ಸುಮಾರು ನಾಲ್ಕು ಪಟ್ಟು ಏರಿದ ಮೇಲೆ ಆ ಹಂಗು ಉಳಿಯಲಿಲ್ಲ.

ಈಗ ತೈಲದ ಹಣ ಒಕ್ಕೂಟದ ಖಾತೆಗೆ ಬಂದು, ಪ್ರತಿ ತಿಂಗಳೂ ಸಭೆ ಸೇರುವ ಸಮಿತಿಯ ಮೂಲಕ ಕೇಂದ್ರ, ರಾಜ್ಯ ಮತ್ತು ಸ್ಥಳೀಯ ಸರ್ಕಾರಗಳಿಗೆ ಹಂಚಿಕೆಯಾಗುತ್ತದೆ. ಬಹುತೇಕ ರಾಜ್ಯಗಳು ನಡೆಯುವುದು ಈ ಹಣದಿಂದಲೇ. ತೆರಿಗೆ ಎತ್ತಿ ಜನರ ನಿಷ್ಠುರ ಕಟ್ಟಿಕೊಳ್ಳುವುದಕ್ಕಿಂತ, ಪಾಲು ಪಡೆಯುವ ಹೊಸದೊಂದು ರಾಜ್ಯವನ್ನೇ ಮಾಡಿಸಿಕೊಳ್ಳುವುದು ರಾಜಕಾರಣಿಗಳಿಗೆ ಲಾಭದಾಯಕ. 1963ರಲ್ಲಿ ನಾಲ್ಕು ಪ್ರಾಂತ್ಯಗಳಿದ್ದ ದೇಶದಲ್ಲಿ 1967ಕ್ಕೆ 12, 1976ಕ್ಕೆ 19, 1996ಕ್ಕೆ 36 ರಾಜ್ಯಗಳಾದವು. 1967ರ ವಿಭಜನೆಗೆ, ಪೂರ್ವ ಪ್ರಾಂತ್ಯ ಪ್ರತ್ಯೇಕ ದೇಶವಾಗಲು ಹೊರಟ ಬಿಯಾಫ್ರಾ ಬಿಕ್ಕಟ್ಟಿನ ಒತ್ತಡವಿತ್ತೆಂಬುದನ್ನು ಒಪ್ಪುತ್ತೇನೆ. ನಂತರದವುಗಳಲ್ಲಿ ಪಾಲಿನ ಆಸೆ ಎದ್ದು ಕಾಣುತ್ತದೆ. ತೈಲ ಸಿಗುವ ನೆಲದವರಿಗಾದರೋ, ಸ್ವಾತಂತ್ರ್ಯದ ವೇಳೆಗೆ ಗಣಿ ರಾಜಧನದಲ್ಲಿ (ರಾಯಲ್ಟಿ) ಶೇ 50ರಷ್ಟಿದ್ದ ಪಾಲು ಸೈನಿಕ ಆಡಳಿತದಲ್ಲಿ ಕುಸಿಯುತ್ತ ಹೋಗಿ, 1999ರ ಸಂವಿಧಾನದಲ್ಲಿ ಕನಿಷ್ಠ ಶೇ 13 ಎಂದು ನಿಂತಿತು. ಇದೇ ಮುಖಜಭೂಮಿಯ ಓಗೊನಿ ಜನರ ಪರವಾಗಿ ದನಿ ಎತ್ತಿದ ಲೇಖಕ ಕೆನ್ ಸಾರೊ-ವಿವಾ ಅವರನ್ನು 1995ರಲ್ಲಿ ಎಂಟು ಮಂದಿ ಸಂಗಡಿಗರೊಂದಿಗೆ ಗಲ್ಲಿಗೇರಿಸಲಾಯಿತು.

ಪೆಟ್ರೋಲಿನ ವಿಷಯವನ್ನು ಈ ಹಿನ್ನೆಲೆಯಲ್ಲಿಟ್ಟು ನೋಡಿ. ಸಾಮಾನ್ಯ ಜನರಿಗೆ ತೈಲಸಂಪತ್ತಿನಿಂದ ನೇರವಾಗಿ ದಕ್ಕುತ್ತಿದ್ದುದು ಅಗ್ಗದ ಪೆಟ್ರೋಲ್ ಒಂದೇ. ಹಾಗಾಗಿ 2012ರ ಜನವರಿಯಲ್ಲಿ ಸಬ್ಸಿಡಿ ರದ್ದಾದಾಗ ದೇಶಾದ್ಯಂತ ಮುಷ್ಕರ ನಡೆದು, ಸರ್ಕಾರ ಅರ್ಧ ಹಿಂದೆ ಸರಿಯಬೇಕಾಯಿತು. ಪೋರ್ಟ್ ಹಾರ್ಕೋರ್ಟ್, ವಾರಿ, ಕಡುನಾಗಳಲ್ಲಿ ಸರ್ಕಾರಿ ಸಂಸ್ಕರಣಾಗಾರಗಳಿದ್ದವು, ದಿನಕ್ಕೆ ಒಟ್ಟು 4,45,000 ಬ್ಯಾರೆಲ್ ಸಾಮರ್ಥ್ಯವೂ ಕಾಗದದ ಮೇಲಿತ್ತು. ಆದರೆ ನಿಗದಿತ ಬೆಲೆಗೆ ಮಾರುವ ಘಟಕಕ್ಕೆ ದುರಸ್ತಿಯ ಹಣ ಹುಟ್ಟುವುದಿಲ್ಲ, ಆಮದುದಾರನಿಗೆ ಮಾತ್ರ ಬೆಲೆಯ ವ್ಯತ್ಯಾಸವನ್ನು ಸರ್ಕಾರ ತುಂಬಿಕೊಡುತ್ತಿತ್ತು. ಯಂತ್ರ ಕೆಟ್ಟು ನಿಂತಷ್ಟೂ ಯಾರಿಗೆ ಲಾಭವೆಂದು ಬಿಡಿಸಿ ಹೇಳಬೇಕಿಲ್ಲ.

2023ರ ಮೇ 29ರಂದು ಅಧ್ಯಕ್ಷರಾಗಿ ಅಧಿಕಾರ ಸ್ವೀಕರಿಸಿದ ದಿನವೇ ಬೋಲಾ ಟಿನುಬು ಸಬ್ಸಿಡಿ ಮುಗಿಯಿತೆಂದು ಘೋಷಿಸಿದರು. ಲಾಗೋಸ್ ಬಳಿಯ ಲೆಕ್ಕಿಯಲ್ಲಿ ದಿನಕ್ಕೆ 6,50,000 ಬ್ಯಾರೆಲ್ ಸಾಮರ್ಥ್ಯದ ಖಾಸಗಿ ಡಾಂಗೋಟೆ ಸಂಸ್ಕರಣಾಗಾರ 2024ರಲ್ಲಿ ಪೆಟ್ರೋಲ್ ತಯಾರಿಸತೊಡಗಿತು. ಆಮದಿನ ಅವಲಂಬನೆ ಇದರಿಂದ ತಗ್ಗುತ್ತದೆ. ಹಂಚಿಕೆಯ ವ್ಯವಸ್ಥೆ ಬದಲಾಗಿಲ್ಲ. ಸಬ್ಸಿಡಿ ನಿಂತ ಮೇಲೆ ನೈರಾ (ಅಲ್ಲಿನ ಕರೆನ್ಸಿ) ಲೆಕ್ಕದಲ್ಲಿ ರಾಜ್ಯಗಳ ಪಾಲು ಬಹಳ ಹೆಚ್ಚಿದೆ, ಹೊಸ ರಾಜ್ಯ ಬೇಕೆಂಬ ಮನವಿಗಳೂ ಸಂಸತ್ತಿಗೆ ಬರುತ್ತಲೇ ಇವೆ.