ಈಥರ್ ಶಕ್ತಿಯಿಂದ ಓಡುತ್ತದೆ ಎನ್ನಲಾದ ಜಾನ್ ಕೀಲಿಯ ಮೋಟಾರ್ ನಿಜವಾಗಿತ್ತೇ?

ಇಲ್ಲ. ಮೋಟಾರ್ ಚಲಿಸಿದ್ದನ್ನು ಹಲವರು ಕಣ್ಣಾರೆ ಕಂಡಿದ್ದರು, ಆದರೆ ಅದನ್ನು ಚಲಿಸಿದ್ದು ಯಾವುದೇ ಅಗೋಚರ ಶಕ್ತಿಯಲ್ಲ.

ಅಮೆರಿಕದ ಫಿಲಡೆಲ್ಫಿಯಾದ ಜಾನ್ ಕೀಲಿ 1870ರ ದಶಕದಿಂದ ಒಂದೇ ಮಾತು ಹೇಳುತ್ತಾ ಬಂದರು: ಈಥರಿನಲ್ಲಿ (ಎಲ್ಲೆಡೆ ತುಂಬಿದೆ ಎಂದು ಆಗ ಭಾವಿಸಿದ್ದ ಅಗೋಚರ ಮಾಧ್ಯಮ) ಅಡಗಿರುವ ಶಕ್ತಿಯನ್ನು ಕಂಪನಗಳಿಂದ ಎಬ್ಬಿಸಿ, ಸ್ವಲ್ಪ ನೀರಿನಿಂದಲೇ ಯಂತ್ರ ಓಡಿಸಬಹುದು. ಆಗಿನ ಭೌತವಿಜ್ಞಾನಿಗಳೂ ಬೆಳಕಿನ ಚಲನೆಗೆ ಈಥರ್ ಎಂಬ ಮಾಧ್ಯಮ ಬೇಕೆಂದು ನಂಬಿದ್ದ ಕಾಲವದು. ಹಾಗಾಗಿ ಮಾತು ಅಸಂಬದ್ಧವೆನಿಸಲಿಲ್ಲ. ಕಂಪನಿ ಹುಟ್ಟಿತು, ಷೇರುಗಳು ಮಾರಾಟವಾದವು. ಥಿಯಾಸಫಿ ಎಂಬ ಆಧ್ಯಾತ್ಮಿಕ ಚಳವಳಿಯ ಸ್ಥಾಪಕರಲ್ಲೊಬ್ಬರಾದ ಬ್ಲಾವಟ್‌ಸ್ಕಿ ಕೀಲಿಯ ಬಗ್ಗೆ ಗೌರವದಿಂದ ಬರೆದರು. ಕ್ಲಾರಾ ಬ್ಲೂಮ್‌ಫೀಲ್ಡ್ ಮೂರ್ ಎಂಬ ಶ್ರೀಮಂತ ವಿಧವೆ ವರ್ಷಗಟ್ಟಲೆ ಹಣ ಕೊಟ್ಟರು.

ಮಾರಾಟಕ್ಕೆ ಸಿದ್ಧವಾದ ಯಂತ್ರ ಮಾತ್ರ ಹೊರಬರಲೇ ಇಲ್ಲ. 1898ರಲ್ಲಿ ಕೀಲಿ ತೀರಿಕೊಂಡ ಬಳಿಕ ಪ್ರಯೋಗಾಲಯವನ್ನು ಪರಿಶೀಲಿಸಿದವರಿಗೆ ನೆಲದಡಿಯಲ್ಲಿ ಸುಮಾರು 3 ಟನ್ ತೂಕದ ಲೋಹದ ಗೋಳ, ಜೊತೆಗೆ ಕೊಳವೆಗಳು ಸಿಕ್ಕವು. ಒತ್ತಿ ತುಂಬಿದ ಗಾಳಿಯೇ ಯಂತ್ರಗಳನ್ನು ಓಡಿಸುತ್ತಿತ್ತು ಎಂಬ ತೀರ್ಮಾನಕ್ಕೆ ಅವರು ಬಂದರು. ಕೀಲಿಯ ಬೆಂಬಲಿಗರು ಅದನ್ನು ಒಪ್ಪಲಿಲ್ಲ.

ನನಗೆ ಮುಖ್ಯವೆನಿಸುವುದು ಇದು: ಕೀಲಿ ನೋಡುಗರಿಗೆ ತೋರಿಸುತ್ತಿದ್ದುದು ಮುಖ್ಯವಾಗಿ ಭಾರಿ ಒತ್ತಡವನ್ನು. ಒತ್ತಡ ಎಷ್ಟೇ ಇದ್ದರೂ ಅದು ಶಕ್ತಿಯ ಮೂಲವಲ್ಲ. ಸೈಕಲ್ ಟ್ಯೂಬಿಗೆ ಗಾಳಿ ತುಂಬಿದಂತೆ, ಮೊದಲು ಯಾರೋ ದುಡಿದು ತುಂಬಿರಲೇಬೇಕು. ಇಂತಹ ಯಂತ್ರವನ್ನು ಯಾರಾದರೂ ತೋರಿಸಿದರೆ ಒತ್ತಡ ಅಳೆಯುವ ಗೇಜ್ ನೋಡಿ ಬೆರಗಾಗಬೇಡಿ. ಅದನ್ನು ಬೇರೆ ಕಟ್ಟಡಕ್ಕೆ ಒಯ್ದು, ಹೊರಗಿನ ಸಂಪರ್ಕವೆಲ್ಲ ಕಡಿದು, ವಾರಗಟ್ಟಲೆ ಓಡಿಸಿ ತೋರಿಸಲು ಹೇಳಿ.