ಮೀನು ತಿನ್ನದ ಅಮ್ಮನ ಜೊತೆ ಗೋವಾದ ಹಳ್ಳಿಗೆ ಬರಬಹುದಾ?

ನೀವು ಕೇಳಿರುವುದು ಇಷ್ಟು: ನೀವು, ಅಮ್ಮ, ಎಂಟು ವರ್ಷದ ಮಗಳು, ಮೂರು ಜನ ಬೆಂಗಳೂರಿನಿಂದ ಗೋವಾಕ್ಕೆ ಬರುತ್ತೀರಿ. ಬೀಚು ಬೇಡ. ಹಳ್ಳಿ ನೋಡಬೇಕು, ಮನೆ ಅಡುಗೆ ಉಣ್ಣಬೇಕು. ಆದರೆ ಅಮ್ಮನಿಗೆ ಮೀನಿನ ವಾಸನೆಯೂ ಆಗಿಬರುವುದಿಲ್ಲ. ಇದು ಆಗುವ ಮಾತಾ ಅಂತ.

ಖಂಡಿತ ಆಗುತ್ತದೆ, ಧೈರ್ಯವಾಗಿ ಬನ್ನಿ. ನಾನು ಧಾರವಾಡದ ಕಡೆಯವಳು. ಹದಿನಾಲ್ಕು ವರ್ಷದಿಂದ ಪೋಂಡಾದಲ್ಲಿದ್ದೇನೆ. ನನ್ನ ಅತ್ತೆಯೂ ನಿಮ್ಮ ಅಮ್ಮನ ಹಾಗೇ. ಅವರನ್ನು ಇಲ್ಲಿಯ ಹಳ್ಳಿಗೆ ಕರೆದುಕೊಂಡು ಹೋಗಿ ನಾನು ಕಲಿತದ್ದನ್ನೇ ನಿಮಗೆ ಹೇಳುತ್ತೇನೆ. ನಾಲ್ಕು ಊರು ಸುತ್ತಬೇಡಿ. ಒಂದೇ ಮನೆಯಲ್ಲಿ ಎರಡು ರಾತ್ರಿ ಇರಿ. ಆ ಎರಡು ದಿನದಲ್ಲಿ ಅರ್ಧ ಹೊತ್ತನ್ನಾದರೂ ಅಡುಗೆಮನೆಯಲ್ಲಿ ಕಳೆಯಿರಿ.

ಐದಾರು ವರ್ಷದ ಹಿಂದಿನ ಮಾತು. ನವೆಂಬರ್ ತಿಂಗಳು. ನನ್ನ ಜೊತೆ ಕೆಲಸ ಮಾಡುವ ಗೆಳತಿಯ ತವರುಮನೆ ಸತ್ತರಿ ತಾಲ್ಲೂಕಿನಲ್ಲಿದೆ. ಚೋರ್ಲಾ ಘಾಟಿನ ಕೆಳಗೆ, ಅಡಿಕೆ ತೋಟದ ಪಕ್ಕದಲ್ಲೇ ಮನೆ. ಅತ್ತೆಯನ್ನು ಕರೆದುಕೊಂಡು ಬರುತ್ತೇನೆ ಅಂತ ಹೇಳಿದ್ದೆ, ಆದರೆ ಅವರು ಮೀನು ತಿನ್ನುವುದಿಲ್ಲ ಅಂತ ಹೇಳಲು ಮರೆತಿದ್ದೆ. ಗೆಳತಿಯ ತಾಯಿಯನ್ನು ನಾವು ಕಾಕಿ ಅನ್ನುತ್ತೇವೆ. ಕಾಕಿ ನಮಗಾಗಿ ಪೇಟೆಯಿಂದ ವಿಸ್ವಣ್ ತರಿಸಿದ್ದರು. ಇಲ್ಲಿ ಅದು ದುಬಾರಿ ಮೀನು, ದೊಡ್ಡವರು ಮನೆಗೆ ಬಂದರೆ ತರುವಂಥದ್ದು. ವಿಷಯ ಗೊತ್ತಾದಾಗ ಕಾಕಿಯ ಮುಖ ಹೇಗಾಯಿತು ಅಂದರೆ, ಇವತ್ತು ನೆನೆಸಿಕೊಂಡರೂ ನನಗೆ ಸಂಕಟ ಆಗುತ್ತದೆ. ಅವರು ಬೇಜಾರು ಪಟ್ಟಿದ್ದು ನಮ್ಮ ಮೇಲಲ್ಲ. ಮನೆಗೆ ಬಂದ ಹಿರಿಯರಿಗೆ ಬಡಿಸಲು ಏನೂ ಇಲ್ಲವಲ್ಲ ಅಂತ.

ಕಾಕಿ ಹಿತ್ತಲಿಗೆ ಹೋಗಿ ಸೆರಗಿನ ತುಂಬ ಕೆಂಪು ಹರಿವೆ ಕಿತ್ತು ತಂದರು. ಇಲ್ಲಿ ಅದಕ್ಕೆ ತಾಂಬ್ಡಿ ಭಾಜಿ ಅನ್ನುತ್ತಾರೆ. ಅತ್ತೆ ಏನೂ ಕೇಳದೆ ಅವರ ಪಕ್ಕ ಕೂತು ಸೊಪ್ಪು ಸೋಸಲು ಶುರು ಮಾಡಿದರು. ಅತ್ತೆಗೆ ಕೊಂಕಣಿ ಬಾರದು, ಕಾಕಿಗೆ ಕನ್ನಡ ಬಾರದು. ಅತ್ತೆ ದಂಟನ್ನು ಮುರಿದು ನಾರು ತೆಗೆದು ಪಕ್ಕಕ್ಕಿಟ್ಟರು. ಕಾಕಿ ಆ ದಂಟನ್ನೆತ್ತಿ ಎಳೆಯದನ್ನೆಲ್ಲ ಮತ್ತೆ ಸೊಪ್ಪಿಗೇ ಸೇರಿಸಿದರು. ಇಬ್ಬರೂ ನಕ್ಕರು. ಈರುಳ್ಳಿ, ಹಸಿಮೆಣಸು, ಮೇಲೆ ಒಂದು ಹಿಡಿ ತೆಂಗಿನತುರಿ, ಅಷ್ಟೇ. ಅರ್ಧ ಗಂಟೆಯಲ್ಲಿ ಪಲ್ಯ ಆಯಿತು. ಅತ್ತೆ ಚೀಲದಲ್ಲಿ ಜೋಳದ ಹಿಟ್ಟು ತಂದಿದ್ದರು. ನಮ್ಮ ಕಡೆಯ ಹಿರಿಯರು ಎಲ್ಲಿಗೆ ಹೋದರೂ ಹಿಟ್ಟು ಬಿಟ್ಟು ಹೋಗುವುದಿಲ್ಲ, ಅಲ್ವಾ? ಎಸರಿಟ್ಟು, ಹಿಟ್ಟು ನಾದಿ, ಮಣೆಯ ಮೇಲೆ ರೊಟ್ಟಿ ಬಡಿಯಲು ಕೂತರು. ಕಾಕಿ ಒಲೆಗೆ ತೆಂಗಿನ ಚಿಪ್ಪು ಹಾಕಿ ಉರಿ ಮಾಡಿಕೊಟ್ಟರು. ರೊಟ್ಟಿ ಬಡಿಯುವ ಸದ್ದಿಗೆ ಪಕ್ಕದ ಮನೆಯ ಇಬ್ಬರು ಹೆಂಗಸರು ಬಾಗಿಲಿಗೆ ಬಂದು ನಿಂತರು. ಭಾಕ್ರಿ ಅವರಿಗೂ ಗೊತ್ತು, ಆದರೆ ಅದು ಅಕ್ಕಿಯದು, ದಪ್ಪ. ಇಷ್ಟು ತೆಳ್ಳಗೆ, ಬರೀ ಅಂಗೈಯಲ್ಲಿ ಬಡಿದದ್ದು ಕೆಂಡದ ಮೇಲೆ ಉಬ್ಬಿದ್ದನ್ನು ಕಂಡು ಕಾಕಿ ಅತ್ತೆಯ ಕೈ ಹಿಡಿದು ಅಂಗೈ ತಿರುವಿ ನೋಡಿದರು.

ಆವತ್ತು ಆದ ಖುಷಿ ಯಾವ ಟೂರ್ ಪ್ಯಾಕೇಜಿನಲ್ಲೂ ಸಿಕ್ಕಿಲ್ಲ. ಅದಕ್ಕೇ ಹೇಳಿದ್ದು, ಅಡುಗೆಮನೆಯಲ್ಲಿ ಕೂರಿ ಅಂತ. ನಿಮ್ಮ ಅಮ್ಮನಿಗೆ ಸುಮ್ನೆ ಕೂರಲು ಬಿಡಬೇಡಿ. ಅವರೂ ಒಂದು ಅಡುಗೆ ಮಾಡಲಿ.

ಮನೆ ಗೊತ್ತು ಮಾಡುವಾಗ ಒಂದು ಶಬ್ದ ನೆನಪಿಡಿ: ಶಿವ್ರಾಕ್. ಕೊಂಕಣಿಯಲ್ಲಿ ಸಸ್ಯಾಹಾರಕ್ಕೆ ಹಾಗೆ ಅನ್ನುತ್ತಾರೆ. ಫೋನಿನಲ್ಲೇ "ಅಮ್ಮ ಶಿವ್ರಾಕ್" ಅಂತ ಹೇಳಿಬಿಡಿ. ನನ್ನ ತಪ್ಪು ನೀವು ಮಾಡಬೇಡಿ. ಇನ್ನೊಂದು, ಸಾಧ್ಯವಾದರೆ ಸೋಮವಾರ ಆ ಮನೆಯಲ್ಲಿ ಇರುವ ಹಾಗೆ ಬನ್ನಿ. ಗೋವಾದ ಬಹಳ ಹಿಂದೂ ಮನೆಗಳಲ್ಲಿ ಸೋಮವಾರ ಮೀನು ಮಾಡುವುದಿಲ್ಲ. ಕೆಲವರು ಗುರುವಾರವೂ ಮಾಡುವುದಿಲ್ಲ. ಶ್ರಾವಣದಲ್ಲಿ ಎಷ್ಟೋ ಮನೆಗಳಲ್ಲಿ ಇಡೀ ತಿಂಗಳು ಇಲ್ಲ. ಆ ದಿನ ನಿಮಗಾಗಿ ಬೇರೆ ಪಾತ್ರೆ, ಬೇರೆ ಅಡುಗೆ ಅನ್ನುವ ತೊಂದರೆ ಇರುವುದಿಲ್ಲ. ಮನೆಯವರೆಲ್ಲ ಉಣ್ಣುವುದನ್ನೇ ನೀವೂ ಉಣ್ಣುತ್ತೀರಿ. ನನಗೆ ಇದು ಬಹಳ ಮುಖ್ಯ ಅನ್ನಿಸುತ್ತದೆ. ಅತಿಥಿಗೆ ಅಂತ ಬೇರೆ ಮಾಡಿದ ಅಡುಗೆಯಲ್ಲಿ ಆ ಮನೆಯ ರುಚಿ ಇರುವುದಿಲ್ಲ.

ಏನು ಸಿಗುತ್ತದೆ ಅಂತ ಕೇಳಿದ್ದೀರಿ. ಖತ್ಖತೆಂ ಕೇಳಿ ಮಾಡಿಸಿಕೊಳ್ಳಿ. ತೊಗರಿಬೇಳೆಯ ಜೊತೆ ಕುಂಬಳ, ಮೂಲಂಗಿ, ನುಗ್ಗೆ, ಗೆಣಸು, ಸುವರ್ಣಗೆಡ್ಡೆ, ಬಾಳೆಕಾಯಿ, ಹಿತ್ತಲಲ್ಲಿ ಇದ್ದದ್ದೆಲ್ಲ ಬೇಯಿಸಿ, ತೆಂಗಿನಕಾಯಿ ರುಬ್ಬಿ ಹಾಕಿ, ಕೋಕಂ ಸಿಪ್ಪೆ, ಚೂರು ಬೆಲ್ಲ ಸೇರಿಸುತ್ತಾರೆ. ಕೊನೆಗೆ ತಿರ್ಫಳ. ಕಾರವಾರ, ಕುಮಟಾ ಕಡೆಯವರಿಗೆ ಇದು ಗೊತ್ತು, ನಮ್ಮ ಬಯಲುಸೀಮೆಯವರಿಗೆ ಹೊಸದು. ಕಾಳುಮೆಣಸಿಗಿಂತ ದೊಡ್ಡದಾದ, ಬಾಯಿ ಬಿಟ್ಟ ಒಣಕಾಯಿ. ಸ್ವಲ್ಪ ಜಜ್ಜಿ ಹಾಕುತ್ತಾರೆ. ನಾಲಿಗೆ ಜುಮ್ಮೆನ್ನುತ್ತದೆ, ನಿಂಬೆಯ ಹಾಗೆ ಘಮ. ತಟ್ಟೆಯಲ್ಲಿ ಬಂದರೆ ಪಕ್ಕಕ್ಕಿಡಿ, ಅಗಿಯಬಾರದು, ಮಗಳಿಗೂ ಹೇಳಿ. ಮೊಳಕೆ ಹೆಸರಿನ ಮೂಗಾಗಾಠಿ, ಅಲಸಂದೆಯ ತೊಂಡಾಕ್, ಕಡಲೆಬೇಳೆ, ಬೆಲ್ಲ, ತೆಂಗಿನ ಹಾಲಿನ ಮಣಗಣೆಂ ಇವೂ ಇವೆ. ಮಣಗಣೆಂ ನಿಮ್ಮ ಮಗಳಿಗೆ ಹಿಡಿಸುತ್ತದೆ, ನಮ್ಮ ಕಡಲೆಬೇಳೆ ಪಾಯಸದ ಅಕ್ಕತಂಗಿ ಅದು.

ಆದರೆ ಇವೆಲ್ಲಕ್ಕಿಂತ ಹೆಚ್ಚು ಹಳ್ಳಿಯದು ಅಂದರೆ ಪೇಜ್. ನಮ್ಮ ಗಂಜಿ. ಬೆಳಗ್ಗೆ ಹತ್ತೂವರೆ, ಹನ್ನೊಂದರ ಹೊತ್ತಿಗೆ ಗದ್ದೆ, ತೋಟದ ಕೆಲಸ ಬಿಟ್ಟು ಬಂದು ಕುಡಿಯುವುದು. ಅದಕ್ಕೆ ಬಳಸುವುದು ಉಕಡೆಂ ಅಕ್ಕಿ, ನಮ್ಮ ಕರಾವಳಿಯ ಕುಚ್ಚಲಕ್ಕಿ ಇದ್ದ ಹಾಗೆ. ಭತ್ತವನ್ನು ನೆನೆಸಿ, ಹೊಟ್ಟಿನ ಸಮೇತ ದೊಡ್ಡ ಹಂಡೆಯಲ್ಲಿ ಬೇಯಿಸಿ, ಅಂಗಳದಲ್ಲಿ ಒಣಗಿಸಿ ಆಮೇಲೆ ಗಿರಣಿಗೆ ಹಾಕಿಸುತ್ತಾರೆ. ಅಗುಳು ದಪ್ಪ, ಮೈಮೇಲೆ ಕೆಂಪು ಗೆರೆ. ಒಂದು ಬಟ್ಟಲು ಕುಡಿದರೆ ಮಧ್ಯಾಹ್ನದವರೆಗೆ ಹಸಿವಿಲ್ಲ. ಜೊತೆಗೆ ಮೀನು ತಿನ್ನುವವರು ಒಣಮೀನು ಇಲ್ಲವೇ ಕಾಲ್ಚಿ ಕಡಿ ಇಟ್ಟುಕೊಳ್ಳುತ್ತಾರೆ. ಕಾಲ್ಚಿ ಕಡಿ ಅಂದರೆ ನಿನ್ನೆಯ ಸಾರನ್ನು ಮಣ್ಣಿನ ಗಡಿಗೆಯಲ್ಲಿ ಗಟ್ಟಿಯಾಗುವವರೆಗೆ ಕುದಿಸಿದ್ದು. ಅಮ್ಮನಿಗೆ ಚೆಪ್ಣಿ ತೋರ್ ಕೇಳಿ: ಬೇಸಿಗೆಯಲ್ಲಿ ಎಳೆ ಮಾವಿನಕಾಯಿಯನ್ನು ಉಪ್ಪಿನಲ್ಲಿ ಹಾಕಿ, ಭಾರ ಹೇರಿ ಇಟ್ಟದ್ದು.

ನನಗೆ ಬೇಜಾರಾಗುವುದು ಇಲ್ಲೇ. ಬಂದವರು ಯಾರೂ ಪೇಜ್ ಕೇಳುವುದಿಲ್ಲ, ಮನೆಯವರೂ ಕೊಡಲು ನಾಚುತ್ತಾರೆ. ಅತಿಥಿಗೆ ಗಂಜಿ ಕೊಡುವುದಾ ಅಂತ ಬ್ರೆಡ್ಡು, ಜಾಮು ಇಡುತ್ತಾರೆ. ನೀವಾಗಿಯೇ ಬಾಯಿ ಬಿಟ್ಟು ಕೇಳಿ. ಕೇಳಿದ ಮೇಲೆ ಆ ಮನೆಯವರ ಸಲಿಗೆ ಹೇಗೆ ಬದಲಾಗುತ್ತದೆ ಅಂತ ನೀವೇ ನೋಡುತ್ತೀರಿ.

ಇನ್ನು ಎಲ್ಲಿ ಅನ್ನುವುದು. ಪೋಂಡಾದ ಸುತ್ತ ದೊಡ್ಡ ಮಸಾಲೆ ತೋಟಗಳಿವೆ. ಟಿಕೆಟ್ ತೆಗೆದುಕೊಂಡರೆ ತೋಟ ತೋರಿಸಿ ಊಟ ಬಡಿಸುತ್ತಾರೆ. ಕಾಳುಮೆಣಸು, ಜಾಯಿಕಾಯಿ, ದಾಲ್ಚಿನ್ನಿ ಗಿಡದಲ್ಲಿ ಹೇಗಿರುತ್ತದೆ ಅಂತ ಮಗಳಿಗೆ ತೋರಿಸಲು ಅರ್ಧ ದಿನ ಹೋಗಿ ಬನ್ನಿ, ಚೆನ್ನಾಗಿದೆ. ಆದರೆ ಅದು ಹಳ್ಳಿ ಜೀವನ ಅಲ್ಲ. ಉಳಿಯಲು ಸಾಂಗೆ ತಾಲ್ಲೂಕಿನ ನೇತ್ರಾವಳಿ ಕಡೆ ನೋಡಿ. 1999ರಲ್ಲಿ ಘೋಷಣೆಯಾದ ಅಭಯಾರಣ್ಯದ ಊರುಗಳು. ಮನೆಯಲ್ಲೇ ಕೋಣೆ ಕೊಡುವ ಕುಟುಂಬಗಳಿವೆ. ಮನೆಯ ಹಿಂದೆಯೇ ಕುಳಾಗರ, ಅಂದರೆ ಅಡಿಕೆ, ತೆಂಗು, ಬಾಳೆ, ಮೆಣಸಿನ ಬಳ್ಳಿ ಒಟ್ಟಿಗೆ ಇರುವ ತೋಟ. ಶಿರಸಿ ಕಡೆಯ ತೋಟ ನೋಡಿದ್ದರೆ ತಕ್ಷಣ ಗುರುತು ಸಿಗುತ್ತದೆ. ಅಲ್ಲಿ ಗೋಪಿನಾಥ ದೇವಸ್ಥಾನದ ಕೆರೆಯಲ್ಲಿ ತಳದಿಂದ ಗುಳ್ಳೆ ಏಳುತ್ತಲೇ ಇರುತ್ತವೆ, ಮಕ್ಕಳು ಅಲ್ಲಿಂದ ಕದಲುವುದಿಲ್ಲ. ರಿವೊಣ ಹತ್ತಿರ ಉಸಗಾಳಿಮಳದಲ್ಲಿ ಕುಶಾವತಿ ನದಿಯ ದಂಡೆಯ ಕಲ್ಲಿನ ಮೇಲೆ ಆದಿಮಾನವರು ಕೊರೆದ ಗೂಳಿ, ಜಿಂಕೆ, ಸುರುಳಿಗಳಿವೆ. ತಾಂಬ್ಡಿ ಸುರ್ಲಾದ ಮಹಾದೇವ ದೇವಸ್ಥಾನಕ್ಕಂತೂ ಹೋಗಲೇಬೇಕು. ಕದಂಬರ ಕಾಲದ್ದು, ಕಾಡಿನ ನಡುವೆ ಕಪ್ಪು ಕಲ್ಲಿನಲ್ಲಿ ಕಟ್ಟಿದ್ದು. ನಮ್ಮ ಕದಂಬರ ಹೆಸರು ಇಲ್ಲಿಯ ಸರ್ಕಾರಿ ಬಸ್ಸಿನ ಮೇಲೂ ಇದೆ, ಮಗಳಿಗೆ ಓದಿಸಿ.

ಕಾಡಿಗಿಂತ ನೀರು ಇಷ್ಟ ಅಂದರೆ ದಿವಾಡಿ ದ್ವೀಪ. ಓಲ್ಡ್ ಗೋವಾದಿಂದ ದೋಣಿಯಲ್ಲಿ ಹತ್ತು ನಿಮಿಷದ ದಾರಿ. ಅಲ್ಲಿ ಖಾಜನ್ ಗದ್ದೆ ನೋಡಬಹುದು. ನಮ್ಮ ಉತ್ತರ ಕನ್ನಡದಲ್ಲಿ ಗಜನಿ ಅನ್ನುತ್ತಾರಲ್ಲ, ಅದೇ. ಹೊಳೆಯ ಉಪ್ಪುನೀರು ಒಳಗೆ ಬಾರದ ಹಾಗೆ ಮಣ್ಣಿನ ಒಡ್ಡು, ನಡುವೆ ಮಾನಸ್ ಅನ್ನುವ ಮರದ ತೂಬು. ಉಬ್ಬರ ಬಂದಾಗ ನೀರಿನ ಒತ್ತಡಕ್ಕೆ ಬಾಗಿಲು ತಾನಾಗಿ ಮುಚ್ಚುತ್ತದೆ, ಇಳಿತದಲ್ಲಿ ತೆರೆಯುತ್ತದೆ. ನಮ್ಮ ಗಜನಿಯಲ್ಲಿ ಕಗ್ಗ ಭತ್ತ ಬೆಳೆದ ಹಾಗೆ ಇಲ್ಲಿ ಉಪ್ಪು ತಡೆಯುವ ಕೊರ್ಗುಟ್ ಭತ್ತ. ಬೆಳಗ್ಗೆ, ಸಂಜೆ ಪೊದೇರ್, ಅಂದರೆ ಪಾವ್ ಮಾರುವವನು, ಸೈಕಲ್ಲಿನಲ್ಲಿ ಹಾರ್ನ್ ಒತ್ತುತ್ತಾ ಬರುತ್ತಾನೆ, ಹಿಂದೆ ಬುಟ್ಟಿಯಲ್ಲಿ ಬಿಸಿ ಪಾವ್. ಪೊಯ್ ಅನ್ನುವ ತವುಡು ಹಾಕಿದ ಪಾವ್ ತೆಗೆದುಕೊಳ್ಳಿ. ಬ್ರೆಡ್ಡು ಪೇಟೆಯದು ಅಂತ ನಾವು ಅಂದುಕೊಂಡಿರುತ್ತೇವೆ, ಇಲ್ಲಿ ಅದು ಹಳ್ಳಿಯದೇ.

ಕಾಲದ ಬಗ್ಗೆ ಹೇಳುವುದಾದರೆ, ಸೊಪ್ಪುಗಳಿಗೆ ಮಳೆಗಾಲ. ಜೂನ್, ಜುಲೈಯಲ್ಲಿ ತಾಯ್ಕಿಳೊ ಬರುತ್ತದೆ, ನಮ್ಮ ತಗಚೆ ಸೊಪ್ಪು. ಕೆಸುವಿನ ಎಲೆ ಬರುತ್ತದೆ. ಶ್ರಾವಣದಲ್ಲಿ ಅರಿಶಿನದ ಎಲೆಯಲ್ಲಿ ಬೇಯಿಸಿದ ಸಿಹಿ ಕಡುಬು, ಪಾತೊಳಿ ಸಿಗುತ್ತದೆ. ನಾಗಪಂಚಮಿಗೆ ಹಿಂದೂಗಳು, ಆಗಸ್ಟ್ 15ರ ಮಾತೆಯ ಹಬ್ಬಕ್ಕೆ ಕ್ರೈಸ್ತರು ಮಾಡುತ್ತಾರೆ. ಅದರ ಮುಚ್ಚಳ ತೆಗೆದಾಗ ಬರುವ ಘಮ ಇಡೀ ಮನೆ ತುಂಬುತ್ತದೆ. ಮಾರ್ಚ್‌ನಿಂದ ಮೇವರೆಗೆ ಗೇರುಹಣ್ಣು, ಅದರಿಂದ ಹುರ್ರಾಕ್ ಅನ್ನುವ ಸಾರಾಯಿ ಕಾಯಿಸುವ ಭಟ್ಟಿಗಳು. ಅಮ್ಮ, ಮಗಳಿಗೆ ಆಗಷ್ಟೇ ಹಿಂಡಿದ ಗೇರುಹಣ್ಣಿನ ರಸ, ನೀರೊ ಕೇಳಿ, ಅದರಲ್ಲಿ ಅಮಲು ಇರುವುದಿಲ್ಲ. ಚೌತಿಯ ವಾರ ಮಾತ್ರ ಬೇಡ. ಮನೆಗಳೆಲ್ಲ ನೆಂಟರಿಂದ ತುಂಬಿರುತ್ತವೆ. ಗಣಪತಿಯ ಮೇಲೆ ಕಾಡಿನ ಹಣ್ಣು, ಕಾಯಿ ಕಟ್ಟುವ ಮಾಟೊಳಿ ನೋಡುವಂಥದ್ದೇ, ಆದರೆ ಯಾರಾದರೂ ಕರೆದರೆ ಮಾತ್ರ ಹೋಗಿ. ಮಳೆಗಾಲದಲ್ಲಿ ಬಂದರೆ ಹೊಳೆ, ಜಲಪಾತಕ್ಕೆ ಇಳಿಯಬೇಡಿ, ಎಷ್ಟು ಚೆಂದ ಕಂಡರೂ.

ಹಣದ ಮಾತನ್ನು ಫೋನಿನಲ್ಲೇ ಮುಗಿಸಿ. ಕೋಣೆಗೆ ಎಷ್ಟು, ಊಟಕ್ಕೆ ಎಷ್ಟು, ಕೇಳಲು ಸಂಕೋಚ ಬೇಡ. ಬಾಡಿಗೆಗೆ ಕೊಡುವ ಮನೆ ಪ್ರವಾಸೋದ್ಯಮ ಇಲಾಖೆಯಲ್ಲಿ ನೋಂದಣಿ ಆಗಿರಬೇಕು, ಗೋವಾದಲ್ಲಿ ಅದಕ್ಕೆ 1982ರಿಂದಲೇ ಕಾಯ್ದೆ ಇದೆ. ನೋಂದಣಿ ಇದೆಯಾ ಅಂತ ಕೇಳಿ. ಗುರುತಿನವರ ಮನೆ ಆದರೆ ದುಡ್ಡು ಕೊಡಲು ಹೋಗಬೇಡಿ, ನೊಂದುಕೊಳ್ಳುತ್ತಾರೆ. ಶೇಂಗಾ ಚಟ್ನಿ, ಹುರಿಗಡಲೆ ಉಂಡೆ, ನಿಮ್ಮ ಮನೆಯಲ್ಲೇ ಮಾಡಿದ್ದು ಏನಾದರೂ ತನ್ನಿ. ಫೋಟೊ ತೆಗೆಯುವ ಮೊದಲು ಕೇಳಿ. ಅಂಗಳದಲ್ಲಿ ಭತ್ತ ಒಣಹಾಕಿದ್ದರೆ ಸುತ್ತು ಹಾಕಿ ಹೋಗಿ, ತುಳಿಯಬೇಡಿ.

ಮಗಳಿಗೆ ಎರಡು ಮಾತು ಕಲಿಸಿ. ಪುರೊ ಅಂದರೆ ಸಾಕು. ಇದು ಗೊತ್ತಿಲ್ಲದಿದ್ದರೆ ಬಡಿಸುತ್ತಲೇ ಇರುತ್ತಾರೆ. ಹೊರಡುವಾಗ ಯೆತಾಂ ಅನ್ನಬೇಕು, ನಾವು "ಬರ್ತೀನಿ" ಅಂದ ಹಾಗೆ.

ರೈಲಿನಲ್ಲಿ ಬರುವುದಾದರೆ ಹುಬ್ಬಳ್ಳಿ, ಲೋಂಡಾ ಮೇಲೆ ವಾಸ್ಕೋಗೆ ಹೋಗುವ ಗಾಡಿ ಹಿಡಿಯಿರಿ. ಹಗಲಾದರೆ ದಾರಿಯಲ್ಲಿ ದೂಧಸಾಗರವೂ ಕಾಣುತ್ತದೆ. ಸಾವರ್ಡೆ ಕುಡ್ಚಡೆ ನಿಲ್ದಾಣದಲ್ಲಿ ಇಳಿದರೆ ಸಾಂಗೆ ಹತ್ತಿರ. ಒಳಗಿನ ಹಳ್ಳಿಗಳಿಗೆ ಬಸ್ಸು ಕಡಿಮೆ, ಕತ್ತಲಾದ ಮೇಲೆ ಇಲ್ಲ ಅಂತಲೇ ತಿಳಿಯಿರಿ. ಮಧ್ಯಾಹ್ನದೊಳಗೆ ಮನೆ ಸೇರಿಬಿಡಿ. ಒಂದು ಗಟ್ಟಿ ಮುಚ್ಚಳದ ಖಾಲಿ ಡಬ್ಬಿ ತನ್ನಿ. ಚೆಪ್ಣಿ ತೋರ್ ಅಮ್ಮನಿಗೆ ಹಿಡಿಸಿತು ಅಂತ ಗೊತ್ತಾದರೆ ಬರಿಗೈಯಲ್ಲಿ ಕಳಿಸುವುದಿಲ್ಲ, ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿದರೆ ಉಪ್ಪುನೀರು ಸೋರಿ ಬಟ್ಟೆಯೆಲ್ಲ ಹಾಳು. ನಿಮ್ಮ ತಾರೀಖು ಗೊತ್ತಾದ ಮೇಲೆ ಇಲ್ಲೇ ಬರೆಯಿರಿ. ಆ ವಾರ ಊರಲ್ಲಿ ಜಾತ್ರೆ, ಹಬ್ಬ ಏನಿದೆ ಅಂತ ಗೆಳತಿಯನ್ನು ಕೇಳಿ ಹೇಳುತ್ತೇನೆ.