ಶುಲ್ಕದ ಗಡುವು ತಪ್ಪಿದ್ದಕ್ಕೆ ಕೋರ್ಟಿಗೆ ಹೋಗಬಹುದೇ?

ಕೊನೆಯ ದಿನ ಖಾತೆಯಿಂದ ಹಣ ಕಡಿತವಾದರೂ ಪೋರ್ಟಲ್‌ನಲ್ಲಿ ‘ಪಾವತಿ ವಿಫಲ’ ಎಂದು ಬಂದು ಮಗಳ ಸೀಟು ರದ್ದಾಯಿತು, ಏನು ಮಾಡಲಿ ಎಂದು ಕೇಳಿದ್ದೀರಿ. ಓದಿ ತುಂಬಾ ಸಂಕಟವಾಯಿತು.

ಹೈಕೋರ್ಟಿನಲ್ಲಿ ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ (ಪ್ರಾಧಿಕಾರದ ತಪ್ಪನ್ನು ಸರಿಪಡಿಸಲು ಆದೇಶಿಸಿ ಎಂದು ಕೇಳುವ ಅರ್ಜಿ) ಹಾಕಬಹುದು. ಆದರೆ ದಯವಿಟ್ಟು ಇವತ್ತೇ ವಕೀಲರನ್ನು ನೋಡಿ. ಮುಂದಿನ ಸುತ್ತಿನಲ್ಲಿ ಆ ಸೀಟು ಬೇರೆ ಮಗುವಿಗೆ ಹೋದರೆ, ಆ ಮಗುವನ್ನು ಎಬ್ಬಿಸಿ ಎನ್ನಲು ಯಾವ ನ್ಯಾಯಾಧೀಶರಿಗೂ ಮನಸ್ಸು ಬರುವುದಿಲ್ಲ.

2024ರ ಧನಬಾದ್ ಐಐಟಿ ಪ್ರಕರಣವನ್ನು ಎಲ್ಲರೂ ಹೇಳುತ್ತಾರೆ. ಜೂನ್ 24ರ ಸಂಜೆ 5ರೊಳಗೆ 17,500 ರೂಪಾಯಿ ಕಟ್ಟಲಾಗದ ದಿನಗೂಲಿ ಕಾರ್ಮಿಕರೊಬ್ಬರ ಮಗನಿಗೆ ಸುಪ್ರೀಂ ಕೋರ್ಟ್ ಸೆಪ್ಟೆಂಬರ್ 30ರಂದು ಹೆಚ್ಚುವರಿ ಸೀಟು ಕೊಡಿಸಿತು. ಅದು 142ನೇ ವಿಧಿಯ ವಿಶೇಷಾಧಿಕಾರ, ಹೈಕೋರ್ಟಿಗೆ ಅದಿಲ್ಲ. ಹಾಗಾಗಿ ಆ ತೀರ್ಪೊಂದನ್ನೇ ನೆಚ್ಚಿಕೊಳ್ಳಬೇಡಿ.

ನಿಮ್ಮ ಬಲವೇ ಬೇರೆ: ಹಣ ಗಡುವಿನೊಳಗೇ ಹೊರಟಿದೆ. ಕಡಿತದ ಗಂಟೆ-ನಿಮಿಷವಿರುವ ಬ್ಯಾಂಕಿನ ಸಂದೇಶ, ವಹಿವಾಟಿನ ಸಂಖ್ಯೆ, ಪೋರ್ಟಲ್‌ನ ಸ್ಕ್ರೀನ್‌ಶಾಟ್ ಯಾವುದನ್ನೂ ಅಳಿಸಬೇಡಿ. ಪ್ರವೇಶ ಪ್ರಾಧಿಕಾರಕ್ಕೆ ಈಗಲೇ ಇಮೇಲ್ ಕಳಿಸಿ. ಫೋನಿನಲ್ಲಿ ಎಷ್ಟು ಸಲ ಅತ್ತುಕೊಂಡರೂ ಕೋರ್ಟಿನಲ್ಲಿ ಅದಕ್ಕೆ ದಾಖಲೆ ಇರುವುದಿಲ್ಲ. ಹಣ ವಾಪಸ್ ಬಂದಿದ್ದರೆ ಆ ದಿನಾಂಕವನ್ನೂ ಅರ್ಜಿಯಲ್ಲಿ ಮುಚ್ಚಿಡದೆ ಬರೆಸಿ.